ಹಾಳು ತೋರ್ಸಾಕೆ ಹೋದ ಜಂಬಣ್ಣ

ಕೇಳ್ರಿ. ಇದು ನಡೆದದ್ದು. ನಡೆದದ್ದು ಅಂದ್ರೆ ನಡೆದದ್ದೇ! ತುಂಗಭದ್ರೆ ನೀರು ಮುಟ್ಟಿ ಹೇಳ್ತೀನಿ, ಸಾಲದಿದ್ರೆ ನನ್ನ ಮೀಸೆ ಮುಟ್ಟಿ ಹೇಳ್ತೀನಿ. ಒಂದು ಅಕ್ಷರ ಸುಳ್ಳಿದ್ರೆ ಈ ಮೀಸೆ ಅರ್ಧ ಬೋಳಿಸ್ಕೊಂಡು ಹೊಸಪೇಟೆ ಬಸ್‌ಸ್ಟ್ಯಾಂಡಿನಾಗೆ ಕುಂದರ್ತೀನಿ. ನನಗೆ ಅಕ್ಷರ ಬರಲ್ಲ, ಅದು ಬೇರೆ ಮಾತು. ಈ ಕತೆ ಬೇರೆಯೋರೂ ಹೇಳ್ತಾರೆ. ಹೇಳ್ಲಿ ಬಿಡ್ರಿ, ಉಪ್ಪಿಲ್ದ ಸಾರು ಕುಡಿಸಿದಂಗೆ ಹೇಳ್ತಾರೆ. ನಾನು ಬಾಯಿ ತೆಗೆದ್ರೆ ಕೊಟ್ಟಿಗೆಯಾಗಿನ ದನ ಸುದ್ದಾ ಮೆಲುಕು ನಿಲ್ಲಿಸಿ ಕಿವಿ ನೆಟ್ಟಗೆ ಮಾಡ್ತಾವೆ. ಕುಂದರ್ರಿ ಸುಮ್ನೆ.

ಹಂಪಿ ಮಗ್ಗುಲಾಗೆ ಒಂದೂರು. ಆ ಊರಾಗೆ ಹುಲಿಗೆವ್ವ ಅಂತ ಒಬ್ಬಾಕೆ. ಆಕೆಗೆ ಒಬ್ಬನೇ ಮಗ, ಜಂಬಣ್ಣ. ಆಳು ನೋಡಿದ್ರೆ ಬಾಗಿಲಷ್ಟು, ಬುದ್ಧಿ ನೋಡಿದ್ರೆ ಚಿಲಕದಷ್ಟೂ ಇಲ್ಲ. ಹಂಗಂತ ಸೋಮಾರಿ ಅಲ್ಲ. ಹೇಳಿದ್ದು ಮಾಡ್ತಿದ್ದ. ಅದೇ ತ್ರಾಸು! ಹೇಳಿದ್ದನ್ನ ಹೇಳಿದಂಗೇ ಮಾಡ್ತಿದ್ದ. "ಹಾಲು ಉಕ್ಕೋದು ನೋಡ್ಕೊಂಡಿರಲೇ" ಅಂದ್ರೆ, ಉಕ್ಕಿ ಚೆಲ್ಲಿ ಒಲೆ ಆರೋತನ ನೋಡ್ಕೊಂಡೇ ಇದ್ದ. "ಯವ್ವಾ, ಬಾಳ ಚೆಂದ ಉಕ್ಕಿತು ಬಿಡು!"

"ಹಾಳಾಗಿ ಹೋಗಲೇ!" ಅಂತ ಹುಲಿಗೆವ್ವ ಹಣೆ ಬಡ್ಕೊಂಡ್ಲು.

"ಯಾವ ಹಾಳಿಗವ್ವ? ಈ ಕಡೆ ಹಾಳಿಗೋ, ಹೊಳೆ ಆಚೆ ಹಾಳಿಗೋ?"

ಅವಂದೂ ತಪ್ಪಲ್ಲ. ಆ ಊರ ಸುತ್ತ ಇರೋದೇ ಹಾಳು. ಬಿದ್ದ ಗುಡಿ, ಮುರಿದ ಮಂಟಪ, ರಾಯರು ಕಟ್ಟಿ ಬಿಟ್ಟು ಹೋದ ಕಲ್ಲು. ಅದನ್ನ ನೋಡಾಕೆ ಮಂದಿ ದುಡ್ಡು ಕೊಟ್ಟು ಬರ್ತಾರೆ!

ಬಂದೋರಿಗೆ ತೋರ್ಸೋನು ಹುಲಿಗೆವ್ವನ ಅಣ್ಣ ಗಾದಿಲಿಂಗಪ್ಪ. ಗೈಡು. ಅವನ ಮಗಳು ಓಬಳಮ್ಮ, ಎಲ್ರ ಬಾಯಾಗೂ ಓಬಿ. ಜಂಬಣ್ಣಗೆ ಓಬಿ ಅಂದ್ರೆ ಜೀವ. ಓಬಿಗೂ ಅವನ ಮ್ಯಾಲೆ ಮನಸಿತ್ತು. "ಪೆದ್ದ ಇದ್ರೇನು, ಸುಳ್ಳು ಹೇಳಾಕೆ ಬರಲ್ಲ ಅವನಿಗೆ" ಅಂತಿದ್ಲು. ಆದ್ರೆ ಅವರಪ್ಪ ಒಪ್ಬೇಕಲ್ಲ! ಗಂಗಾವತಿಯಾಗೆ ಅಕ್ಕಿ ಗಿರಣಿ ಇರೋ ಒಂದು ಗಂಡು ನೋಡಿಟ್ಟಿದ್ದ. ಆ ಗಂಡಿಗೆ ಹೆಸರೂ ಇತ್ತು. ಯಾರೂ ಕರೀತಿರ್ಲಿಲ್ಲ. "ಗಂಡು ಬಂದಿತ್ತಾ? ಗಂಡು ಏನಂತು? ಗಂಡಿಗೆ ಚಾ ಕೊಟ್ರಾ?" ಬರೀ ಗಂಡು, ಗಂಡು, ಗಂಡು!

ಹಿಂಗಿರಾಗ ಗಾದಿಲಿಂಗಪ್ಪ ಕಾಲು ಉಳುಕಿಸ್ಕೊಂಡ. ಮರುದಿನಾನೇ ರಾಣೆಬೆನ್ನೂರಿಂದ ಮುರಿಗೆಪ್ಪ ಸಾವ್ಕಾರ ಹೆಂಡ್ತಿ ಕರ್ಕೊಂಡು ಬರೋನಿದ್ದ. ಗುಂಪಿನಾಗೆ ಕುರಿಯಂಗೆ ಹೋಗೋರಲ್ಲ ಅವರು. ತಮ್ಮದೇ ಕಾರು, ತಮಗೇ ಅಂತ ಒಬ್ಬ ಗೈಡು, ಬೆಳಗಿಂದ ಸಂಜೆತನ, ಸ್ಪೆಷಲ್ಲು!

"ಅಣ್ಣಾ, ನನ್ನ ಮಗನ್ನ ಕಳಿಸು. ಒಂದೇ ಒಂದು ದಿನ!" ಅಂದ್ಲು ಹುಲಿಗೆವ್ವ.

"ಕಳಿಸಪ್ಪಾ!" ಅಂತು ಬಾಗಿಲ ಹಿಂದೆ ಬಳೆ ಸಪ್ಪಳ.

ಗಾದಿಲಿಂಗಪ್ಪ ಕಾಲು ನೀವ್ಕೊಂತ ಜಂಬಣ್ಣನ ಕಡೆ ತಿರುಗಿ ಅಂದ: "ಆಗ್ಲಿ. ಆ ಸಾವ್ಕಾರ ಹುಟ್ಟಿದಾಗ್ಲೇ ಮುಖ ಗಂಟಿಕ್ಕೊಂಡು ಹುಟ್ಟ್ಯಾನೆ. ಸಂಜೆಗೆ ಅವನು ನಕ್ಕೊಂತ ನನ್ನ ಬಾಗ್ಲಿಗೆ ಬಂದ್ರೆ ಓಬಿ ನಿನಗೆ. ಬೈಕೊಂತ ಬಂದ್ರೆ ಗಂಗಾವತಿ ಗಂಡಿಗೆ. ಗಂಡೂ ಬರ್ತಾನೆ, ಗಂಡಿನ ಅವ್ವನೂ ಬರ್ತಾಳೆ. ನಾಳೆನೇ ಫೈಸಲ್!"

"ನಾನೇನು ಹೇಳ್ಬೇಕು ಮಾವ?"

"ಏನು ಕೇಳಿದ್ರೂ 'ರಾಯರ ಕಾಲದ್ದು' ಅನ್ನು. ಸಾಕು."

ಹುಲಿಗೆವ್ವ ಮಗನ ಕಿಸೆಯಾಗೆ ಚಾಕ್ಕೆ ಅಂತ ನಲವತ್ತು ರೂಪಾಯಿ ಇಟ್ಲು, ಕೈಯಾಗೆ ಫೋನು ಕೊಟ್ಲು. "ತಿಳೀದಿದ್ರೆ ನನಗೆ ಹಚ್ಚಲೇ. ಓಬಿನ್ನ ಕಳ್ಕೋಬ್ಯಾಡ ಮಗನೇ!"

"ಎಲ್ಲಿ ಕಳ್ಕೊಂತೀನವ್ವ, ಆಕೆ ಮನೆಯಾಗೇ ಇರ್ತಾಳಲ್ಲ!"

ಮರುದಿನ ಬೆಳಿಗ್ಗೆ ಕಾರು ಬಂತು. ಸಾವ್ಕಾರ ಬಂದ, ತಲೆ ಮ್ಯಾಲೆ ಟೋಪಿ, ಬೇವಿನ ಕಷಾಯ ಕುಡಿದ ಮುಖ. ಸಾವ್ಕಾರ್ತಿ ಬಂದ್ಲು, ತುಂಬಿದ ಮೈ, ಕೈಯಾಗೆ ದೊಡ್ಡ ನೀರಿನ ಕ್ಯಾನು. "ಮೊದ್ಲು ಹೊಟ್ಟೆಗೆ ಏನಾರ ಹಾಕ್ರೀ" ಅಂದ್ಲು. ಹೋಟ್ಲಿಗೆ ಹೋದ್ರು. ಸಾವ್ಕಾರ ಇಡ್ಲಿ ಮುರಿದು ಬಾಯಾಗಿಟ್ಕೊಂಡು ಕೇಳಿದ.

"ಏನಪಾ ಗೈಡು, ಇಡ್ಲಿ ತಾಜಾ ಅದಾವೇನು?"

"ರಾಯರ ಕಾಲದ್ದು ರೀ!"

"ಆಂ? ಚಟ್ನಿ?"

"ಅದೂ ರಾಯರ ಕಾಲದ್ದು!"

ಸಾವ್ಕಾರನ ಬಾಯಾಗಿನ ತುತ್ತು ಹೊರಗೂ ಬರಲ್ದು, ಒಳಗೂ ಹೋಗಲ್ದು. ಹೋಟ್ಲೋನು ಸೌಟು ಹಿಡ್ಕೊಂಡು ಓಡಿ ಬಂದ. "ಯಾವನಲೇ ಅದು, ನನ್ನ ಯಾಪಾರ ಕೆಡಿಸೋನು! ಏಳಲೇ ಮ್ಯಾಲೆ!"

ಜಂಬಣ್ಣ ಹೊರಗೆ ಬಂದು ಫೋನು ಹಚ್ಚಿದ. "ಯವ್ವಾ, ಹಿಂಗಿಂಗಾತು."

"ಹಾಳಾಗಿ ಹೋಗಲೇ!"

"ಹಾಳಿಗೇ ಹೊಂಟೀನವ್ವಾ, ಮುಂದಿಂದು ಹೇಳು!"

"ಗಿರಾಕಿ ಕೇಳಿದ್ರೆ 'ಇವತ್ತೇ ಮಾಡಿದ್ದು, ಬಿಸಿಬಿಸಿ ಐತೆ, ಮುಟ್ಟಿ ನೋಡ್ರಿ' ಅನ್ಬೇಕಲೇ!"

"ಹಂಗೇ ಆಗ್ಲವ್ವಾ!"

ಹೋದ್ರು ಗುಡಿಗೆ. ಹಂಪಿ ಬಿಸಿಲು ಗೊತ್ತಲ್ಲ, ನೆತ್ತಿ ಮ್ಯಾಲೆ ಕುಂತಿತ್ತು. ಸಾವ್ಕಾರ ಸೊಂಟದ ಮ್ಯಾಲೆ ಕೈ ಇಟ್ಕೊಂಡು ಗೋಡೆ ನೋಡಿದ.

"ಈ ಗುಡಿ ಎಷ್ಟು ಹಳೇದಪಾ?"

"ಇವತ್ತೇ ಮಾಡಿದ್ದು ರೀ!"

"ಏನು?"

"ಬಿಸಿಬಿಸಿ ಐತೆ, ಮುಟ್ಟಿ ನೋಡ್ರಿ!" ಅಂದೋನೇ ಸಾವ್ಕಾರನ ಅಂಗೈ ಹಿಡಿದು ಕಲ್ಲಿಗೆ ಒತ್ತಿದ. ಕಲ್ಲೋ, ಕಾದ ಹೆಂಚೋ!

"ಸತ್ನೆಪ್ಪೋ!" ಸಾವ್ಕಾರ ಕೈ ಝಾಡಿಸ್ಕೊಂತ ಕುಣಿದ.

ಜಂಬಣ್ಣ ಫೋನು ಹಚ್ಚಿದ. "ಯವ್ವಾ, ಹಿಂಗಿಂಗಾತು."

"ಹಾಳಾಗಿ ಹೋಗಲೇ!"

"ಹಾಳಿನಾಗೇ ಅದೀನವ್ವಾ, ಮುಂದಿಂದು ಹೇಳು!"

"ಬಿಸಿ ಆದದ್ದನ್ನ ಯಾರಾರ ಮುಟ್ಟಿಸ್ತಾರೇನಲೇ? ಬಿಸಿ ಆದದ್ದರ ಮ್ಯಾಲೆ ನೀರು ಸುರುವಿ ತಣ್ಣಗೆ ಮಾಡ್ಬೇಕು!"

"ಹಂಗೇ ಆಗ್ಲವ್ವಾ!"

ತಿರುಗಿ ಬಂದ. ಸಾವ್ಕಾರ ಅಂಗೈ ಊದ್ಕೊಂತ ನಿಂತಿದ್ದ. "ಲೇ ಗೈಡು, ದೂರ ನಿಲ್ಲಲೇ! ಮೊದ್ಲೇ ನನ್ನ ತಲೆ ಬಿಸಿ ಆಗೇತಿ!"

"ತಲೆ ಬಿಸಿ ಆಗೈತಾ ಸಾವ್ಕಾರ್ರೆ? ಮೊದ್ಲೇ ಹೇಳ್ಬಾರ್ದೇನ್ರಿ!"

ಸಾವ್ಕಾರ್ತಿ ಕೈಯಾಗಿನ ಕ್ಯಾನು ಕಸ್ಕೊಂಡ, ಬಿರಡೆ ತೆಗೆದ, ಗಳಗಳಗಳ ಅಂತ ಸಾವ್ಕಾರನ ನೆತ್ತಿ ಮ್ಯಾಲೆ ಸುರುವಿದ. ಒಂದು ಹನಿ ಉಳಿಸ್ಲಿಲ್ಲ! ಟೋಪಿ ತೇಲ್ಕೊಂತ ಹೋಗಿ ಕೆಸರಾಗೆ ಬಿತ್ತು.

"ಕುಡಿಯೋ ನೀರು ಲೇ ಅದು!" ಅಂತ ಸಾವ್ಕಾರ್ತಿ ಎದೆ ಬಡ್ಕೊಂಡ್ಲು.

"ಯವ್ವಾ, ಹಿಂಗಿಂಗಾತು."

"ಹಾಳಾಗಿ ಹೋಗಲೇ! ನೀರು ತಲೆ ಮ್ಯಾಲೆ ಹಾಕ್ತಾರೇನಲೇ ಮೂಳ? ಕೈ ಮ್ಯಾಲೆ ಹಾಕ್ಬೇಕು, ಕೈ ಮ್ಯಾಲೆ! ಮತ್ತೆ ಟೋಪಿ ಎಲ್ಲಿ?"

"ಬಿದ್ದೈತವ್ವಾ."

"ಬಿದ್ದದ್ದನ್ನ ನೋಡ್ಕೊಂತ ನಿಂತೀಯೇನು? ಬಿದ್ದದ್ದು ಕಂಡ್ರೆ ಎತ್ತಿ ಮೊದ್ಲಿದ್ದಲ್ಲೇ ಇಡಬೇಕಲೇ!"

"ಹಂಗೇ ಆಗ್ಲವ್ವಾ!"

ಅಷ್ಟ್ರಾಗೆ ಟೋಪಿ ಸಾವ್ಕಾರ ತಾನೇ ಎತ್ಕೊಂಡಿದ್ದ. ಮುಂದಕ್ಕೆ ಹೋದ್ರು. ಅಲ್ಲಿ ನೋಡ್ತಾನೆ ಜಂಬಣ್ಣ, ಕಂಬ ಬಿದ್ದಾವೆ, ತೊಲೆ ಬಿದ್ದಾವೆ, ಗೋಡೆಗೆ ಗೋಡೆನೇ ಬಿದ್ದಾವೆ! ಕಣ್ಣಾಗೆ ನೀರು ಬಂತು ಅವನಿಗೆ.

"ಅಯ್ಯೋ ಶಿವನೇ! ಇಷ್ಟೊಂದು ಬಿದ್ದು ಎಷ್ಟು ದಿನ ಆಯ್ತೋ, ಒಬ್ರೂ ಎತ್ತಿಲ್ಲಲ್ಲ!"

ಅಂಗಿ ಬಿಚ್ಚಿ ಸೊಂಟಕ್ಕೆ ಸುತ್ತಿದ. ಒಂದು ಕಂಬದ ತುದಿ ತಬ್ಕೊಂಡ. "ಸಾವ್ಕಾರ್ರೆ, ಆ ಕಡೆ ಹಿಡೀರಿ! ಅಮ್ಮಾರೆ, ನೀವು ನಡುವೆ ಬರ್ರಿ! ಇದೊಂದು ನಿಲ್ಲಿಸಿದ್ರೆ ಉಳಿದದ್ದು ಸಂಜೆತನ ಆಗ್ತೈತೆ! ಐಸಾ!"

ಪೀಂಂಂ ಅಂತ ಸೀಟಿ. ವಾಚ್‌ಮನ್ ಓಡಿ ಬಂದ. "ಕೈ ತೆಗಿಯಲೇ! ಇಲ್ಲಿ ಬಿದ್ದದ್ದು ಬಿದ್ದಂಗೇ ಇರಬೇಕು! ನೀನೂ ಮುಟ್ಟಬಾರ್ದು, ಇನ್ನೊಬ್ರಿಗೂ ಮುಟ್ಟಗೊಡಬಾರ್ದು! ದೂರ ನಿಂತು ನೋಡ್ಬೇಕು!"

ಈ ಸಲ ಅವ್ವಗೆ ಫೋನು ಹಚ್ಚೋದೇ ಬೇಕಾಗ್ಲಿಲ್ಲ. ಬೈಗಳ ಅಲ್ಲೇ ಸಿಕ್ತು, ಬುದ್ಧಿನೂ ಅಲ್ಲೇ ಸಿಕ್ತು.

ಹೊತ್ತು ಇಳಿಯಾಕೆ ಹತ್ತಿತ್ತು. ಜಂಬಣ್ಣ ಓರೆಗಣ್ಣಾಗೆ ಸಾವ್ಕಾರನ ಮುಖ ನೋಡಿದ. ನಗಿ? ಎಲ್ಲಿ ನಗಿ! ಆ ಮುಖದಾಗೆ ನಗಿ ಹುಟ್ಟಬೇಕಾದ್ರೆ ಬಂಡೆಗಲ್ಲಾಗೆ ಜೋಳ ಬೆಳೀಬೇಕು. ಓಬಿ ನೆನಪಾದ್ಲು. ಇನ್ನು ಮುಂದೆ ಹೇಳಿದ್ದು ಒಂದು ಕೂದಲೂ ತಪ್ಪಬಾರ್ದು ಅಂತ ಹಲ್ಲು ಕಚ್ಚಿದ.

ಮಂಟಪದ ಮೆಟ್ಲು ಇಳಿಯಾಗ ಸಾವ್ಕಾರ್ತಿ ಕಾಲು ಜಾರ್ತು. ಧೊಪ್ ಅಂತ ಕುಂಡಿ ಮ್ಯಾಲೆ ಕುಂತ್ಲು! "ಯಪ್ಪಾ, ಎಬ್ಬಿಸ್ರೀ!"

ಸಾವ್ಕಾರ ಓಡಿ ಬಂದ. ಜಂಬಣ್ಣ ಎರಡೂ ಕೈ ಅಗಲಿಸಿ ಅಡ್ಡ ನಿಂತ.

"ಮುಟ್ಟಬ್ಯಾಡ್ರಿ!"

"ಲೇ, ನನ್ನ ಹೆಂಡ್ತಿ ಲೇ!"

"ಯಾರ ಹೆಂಡ್ತಿನಾರ ಇರ್ಲಿ ಸಾವ್ಕಾರ್ರೆ! ಇಲ್ಲಿ ಬಿದ್ದದ್ದು ಬಿದ್ದಂಗೇ ಇರಬೇಕು! ದೂರ ನಿಂತು ನೋಡ್ರಿ!"

ಅತ್ಲಾಗೆ ಇತ್ಲಾಗೆ ಹೊಂಟ ಮಂದಿ ಕೂಡಿದ್ರು. ಬಿಸಿಲು ಕನ್ನಡಕ ಹಾಕ್ಕೊಂಡ ಒಬ್ಬ ಕತ್ತು ಚಾಚಿ ಕೇಳಿದ, "ಏನ್ರೀ ಅದು ಅಲ್ಲಿ?"

ಯಾರು ಏನು ಕೇಳಿದ್ರೂ ಏನನ್ಬೇಕು? ಮಾವ ಹೇಳಿದ್ದು ನೆನಪಿತ್ತು. "ರಾಯರ ಕಾಲದ್ದು ರೀ!"

ಸಾವ್ಕಾರನ ತುಟಿ ಒಂದು ಕಡೆ ಎಳೀತು. ಇನ್ನೊಂದು ಕಡೆ ಎಳೀತು. ಹೊಟ್ಟೆ ಅಲ್ಲಾಡ್ತು. ಆಮೇಲೆ, ಹೋ ಹೋ ಹೋ! ಕಂಬ ಹಿಡ್ಕೊಂಡು ನಕ್ಕ, ಕಂಬ ಬಿಟ್ಟು ನಕ್ಕ, ಕುಂತು ನಕ್ಕ! "ರಾಯರ ಕಾಲದ್ದಂತ! ಖರೇ ಹೇಳಿದಿ ತಮ್ಮಾ, ಖರೇ ಹೇಳಿದಿ!"

ಸಾವ್ಕಾರ್ತಿ ತಾನೇ ಎದ್ಲು. ಬೈಯಾಕೆ ಬಾಯಿ ತೆಗೆದಾಕೆಗೂ ನಗಿ ತಡೀಲಿಲ್ಲ. "ಮದ್ವೆ ಆದಾಗಿಂದ ಈ ಮನುಷ್ಯನ ಹಲ್ಲು ನಾ ನೋಡಿದ್ದಿಲ್ಲ ನೋಡ್ರೀ!" ಆದ್ರೂ ಜಂಬಣ್ಣನ ಕಿವಿ ಬಿಡ್ಲಿಲ್ಲ, ಹಿಂಡಿದ್ಲು. "ಹೆಣ್ಮಗಳು ಬಿದ್ರೆ ಹಿಂಗ ಕಾವಲು ಕಾಯ್ತಾರೇನಲೇ? ಕೈ ಹಿಡಿದು ಎಬ್ಬಿಸಿ, ಗಂಡನ ಕೈಗೆ ಒಪ್ಪಿಸ್ಬೇಕು!"

"ಹಂಗೇ ಆಗ್ಲಿ ಅಮ್ಮಾರೆ!"

ಕಾರಿನಾಗೆ ಕುಂತು ಮರೀಬಾರ್ದು ಅಂತ ಬಾಯಿಪಾಠ ಹಚ್ಚಿದ. "ಎಬ್ಬಿಸಿ ಗಂಡನ ಕೈಗೆ, ಎಬ್ಬಿಸಿ ಗಂಡನ ಕೈಗೆ…" ನಮ್ಮ ರಸ್ತೆ ಗೊತ್ತಲ್ಲ. ಕಾರು ಒಂದು ಗುಂಡಿಗೆ ಧಡಂ ಅಂತ ಇಳೀತು, ಜಂಬಣ್ಣನ ತಲೆ ಮ್ಯಾಲೆ ಬಡೀತು. ಅಲ್ಲಿಂದ ಮುಂದೆ ಅವನ ಬಾಯಾಗೆ, "ಎಬ್ಬಿಸಿ ಗಂಡಿನ ಕೈಗೆ, ಎಬ್ಬಿಸಿ ಗಂಡಿನ ಕೈಗೆ…"

ಗಾದಿಲಿಂಗಪ್ಪನ ಬಾಗ್ಲಿಗೆ ಕಾರು ನಿಂತಾಗ ಒಳಗೆ ಕುರ್ಚಿ ಮ್ಯಾಲೆ ಗಂಗಾವತಿ ಗಂಡು ಇಸ್ತ್ರಿ ಅಂಗಿ ಹಾಕ್ಕೊಂಡು ಕುಂತಿದ್ದ. ಮಗ್ಗುಲಾಗೆ ಗಂಡಿನ ಅವ್ವ. ಇತ್ಲಾಗೆ ಹುಲಿಗೆವ್ವ, ಸೆರಗು ಬಾಯಾಗೆ ತುರುಕ್ಕೊಂಡು. ಎಲ್ರ ಕಿವಿನೂ ಹೊರಗೆ.

ಹೋ ಹೋ ಹೋ! ಸಾವ್ಕಾರ ನಕ್ಕೊಂತ ಹೊಸಲಿ ದಾಟಿದ. "ಗಾದಿಲಿಂಗಪ್ಪಾ, ಇಂಥಾ ಗೈಡು ಇನ್ನೊಬ್ಬ ಇಲ್ಲಪಾ! ಮುಂದಿನ ವರ್ಷಾನೂ ಇವನೇ ಬೇಕು!" ಅಂದೋನೇ ಸಾವಿರದ ನೂರಾ ಹದಿನಾರು ರೂಪಾಯಿ ಎಣಿಸಿ ಜಂಬಣ್ಣನ ಕೈಗಿಟ್ಟ.

ಹುಲಿಗೆವ್ವ ಗಳಗಳ ಅತ್ಲು. ಗಂಡಿನ ಮುಖ ಅಷ್ಟು ದೊಡ್ಡದಿದ್ದದ್ದು ಇಷ್ಟು ಸಣ್ಣದಾತು. ಗಾದಿಲಿಂಗಪ್ಪ ಗಂಡಿನ ಕಡೆ ನೋಡಿ ಕೈ ಮುಗಿದ. ಆಮೇಲೆ ಅಂದ, "ಮಾತು ಅಂದ್ರೆ ಮಾತು. ಓಬೀ, ಬಾರವ್ವಾ ಹೊರಗೆ!"

ಓಬಿ ಬಂದ್ಲು. ನಡೆದು ಬಂದ್ಲೇನು? ಓಡಿ ಬಂದ್ಲು! ಸೀರೆ ಕಾಲಿಗೆ ತೊಡರ್ಕೊಂತು, ಜಂಬಣ್ಣನ ಮುಂದೇ ಬೊಕ್ಕಬೋರಲು ಬಿದ್ಲು.

ಹೆಣ್ಮಗಳು ಬಿದ್ಲು!

ಜಂಬಣ್ಣ ತಡ ಮಾಡ್ತಾನಾ? ಕೈ ಹಿಡಿದ, ಎಬ್ಬಿಸಿದ, ದರದರ ಕುರ್ಚಿ ಹತ್ರ ಕರ್ಕೊಂಡು ಹೋದ, ಓಬಿ ಕೈ ತಗೊಂಡು ಗಂಡಿನ ಕೈಯಾಗಿಟ್ಟ. "ತಗೋರಿ!"

"ಲೇ! ಲೇ! ಏನು ಮಾಡ್ದಿ! ನನ್ನ ತಲೆ ಬಿಸಿ ಮಾಡಬ್ಯಾಡಲೇ!" ಅಂತ ಗಾದಿಲಿಂಗಪ್ಪ ಉಳುಕಿದ ಕಾಲು ಮರೆತು ಎದ್ದು ನಿಂತ.

"ತಲೆ ಬಿಸಿ!" ಜಂಬಣ್ಣ ಬಾಗಿಲ ಮಗ್ಗುಲಾಗಿದ್ದ ಚೊಂಬಿಗೆ ಕೈ ಹಾಕಿದ.

"ತಲೆ ಮ್ಯಾಲೆ ಅಲ್ಲಲೇ!" ಹುಲಿಗೆವ್ವ ಕಿರುಚಿದ್ಲು.

"ಗೊತ್ತವ್ವಾ, ಗೊತ್ತು! ಕೈ ಮ್ಯಾಲೆ!"

ಅಂದ್ಕೊಂತ, ಓಬಿ ಕೈ ಗಂಡಿನ ಕೈ ಕೂಡಿಕೊಂಡಿತ್ತಲ್ಲ, ಅದರ ಮ್ಯಾಲೆ ಸುರ್‌ರ್‌ರ್ ಅಂತ ಚೊಂಬು ಬಗ್ಗಿಸಿದ.

ಗಂಡಿನ ಅವ್ವ ಚಪ್ಪಾಳೆ ತಟ್ಟಿ ಎದ್ಲು. "ಆತು! ಧಾರೆ ಆತು! ಹಿರೇರು ಅದಾರೆ, ಸಾವ್ಕಾರ್ರು ಅದಾರೆ, ಹೆಣ್ಣಿನ ಸೋದರತ್ತೆ ಮಗನೇ ನಿಂತು ಕೈಗೆ ಕೈ ಕೊಟ್ಟು ನೀರು ಬಿಟ್ಟ! ಇನ್ನು ಸೊಸೆ ನಮ್ಮಾಕೆ!"

ಓಬಿ ಒದ್ದೆ ಕೈ ಹಂಗೇ ಹಿಡ್ಕೊಂಡು ಜಂಬಣ್ಣನ್ನ ನೋಡಿದ್ಲು. "ಲೇ ಜಂಬಾ. ಸರಿಯಾಗಿ ನೋಡಿ ಹೇಳು. ಇವನ್ಯಾರು?"

"ಗಂಡು!"

"ಮತ್ತೆ ನೀನು?"

"ಗೈಡು!"

ಓಬಿ ಒಂದು ಉಸಿರು ಎಳ್ಕೊಂಡ್ಲು. ಆಮೇಲೆ ಗಂಡಿನ ಕಡೆ ತಿರುಗಿ ಅಂದ್ಲು, "ನಡೀರಿ, ಬೇಗ ನಡೀರಿ! ಇನ್ನೊಂದು ಗಳಿಗೆ ಇಲ್ಲಿದ್ರೆ ಇವನು ನನ್ನ ಇನ್ಯಾರ ಕೈಗೆ ಕೊಡ್ತಾನೋ!"

ಹುಲಿಗೆವ್ವ ನೆಲಕ್ಕೆ ಕುಂತ್ಲು. "ಹಾಳಾಗಿ ಹೋಗಲೇ!"

"ಈಗ ತಾನೇ ಬಂದೀನಲ್ಲವ್ವಾ! ಮುಂದಿಂದು ಹೇಳು!"

"ಇನ್ನೇನು ಹೇಳ್ಲೋ! ಮುಯ್ಯಿ ಕೊಟ್ಟು, ಆಟೋ ಹತ್ತಿಸಿ ಬಾ, ಹೋಗು!"

"ಹಂಗೇ ಆಗ್ಲವ್ವಾ!"

ಕೊಟ್ಟ! ಸಾವ್ಕಾರ ಕೊಟ್ಟದ್ದು ಅಷ್ಟೂ ಗಂಡಿನ ಕೈಯಾಗೆ ಮುಯ್ಯಿ ಇಟ್ಟ. ಆಟೋ ಕರ್ದ, ಗಂಡಿನ ಅವ್ವನ್ನ ಹತ್ತಿಸಿದ, ಗಂಡಿನ್ನ ಹತ್ತಿಸಿದ, ಓಬಿನ್ನ ಕೈ ಹಿಡಿದು ಜ್ವಾಕ್ಯಾಗಿ ಹತ್ತಿಸಿದ. ಚಾಕ್ಕೆ ಅಂತ ಅವ್ವ ಕೊಟ್ಟಿದ್ದ ನಲವತ್ತು ಆಟೋದವನಿಗೆ ಕೊಟ್ಟ. ಬಲಗಡೆ ಕೈ ಮಾಡಿ, "ಓಬೀ, ಆ ಮಂಟಪ ನೋಡ್ಕೊಂತ ಹೋಗು, ರಾಯರ ಕಾಲದ್ದು!" ಅಂದ. ಆಟೋ ಹೊಂಟೋತು. ಧೂಳು ಇಳಿಯೋತನ ನಿಂತಿದ್ದ. ಆಮೇಲೆ ಕಿಸೆಗೆ ಕೈ ಹಾಕಿ ತಡಕಿದ, ಇನ್ನೊಂದು ಕಿಸೆ ತಡಕಿದ, ಆಗ ಹೊಳೀತು ಅವನಿಗೆ, ಏನೋ ಕಳ್ಕೊಂಡೀನಿ ಅಂತ. ಏನು ಕಳ್ಕೊಂಡೆ ಅಂತ ಇವತ್ತಿಗೆ ಕೇಳಿದ್ರೂ, ದೇವರಾಣೆ, ಒಂದು ಪೈಸೆ ಹೆಚ್ಚಿಲ್ಲ ಕಮ್ಮಿ ಇಲ್ಲ, ಒಂದೇ ಲೆಕ್ಕ ಹೇಳ್ತಾನೆ: ಸಾವಿರದ ನೂರಾ ಐವತ್ತಾರು ರೂಪಾಯಿ.