ಮಾವುತನಿಗೆ ಪ್ಯಾಕಿಡರ್ಮ್ ಪರೀಕ್ಷೆ

"ಈ ಪುಸ್ತಕದ ಮಾತುಗಳಿಗೆ ಅರ್ಥ ಹೇಳಲಾರದವನು ಅರಮನೆಯ ಅನ್ನ ತಿನ್ನಬಾರದು, ಪ್ರಭು!"

ಮದರಾಸಿನಿಂದ ಬಂದಿದ್ದ ನರಸಯ್ಯ ಪಂಡಿತರು ದಿಂಬಿನಷ್ಟು ದಪ್ಪದ ಇಂಗ್ಲಿಷ್ ನಿಘಂಟನ್ನು ತಟ್ಟಿ ಹೀಗೆಂದದ್ದೇ ತಡ, ಹಿರೇಬಿದರೆಯ ದೊರೆ ಮುದ್ದರಾಜರು "ಆಗಲಿ" ಎಂದುಬಿಟ್ಟರು. ಹೊಸದೆಂದರೆ ಸಾಕು, ಅವರು ಹಿಂದುಮುಂದು ನೋಡುವವರಲ್ಲ.

ಮೊದಲು ಸಿಕ್ಕಿಬಿದ್ದವನು ಮಾವುತ ಇಮಾಂಸಾಬಿ.

"ಪ್ಯಾಕಿಡರ್ಮ್ ಅಂದರೇನು?"

"ಗೊತ್ತಿಲ್ಲ ಸ್ವಾಮಿ."

"ದಪ್ಪ ಚರ್ಮದ ಪ್ರಾಣಿ! ಆನೆಯಂಥದ್ದು! ಮೂವತ್ತು ವರ್ಷ ಅದರ ಮೈ ತೊಳೆದವನಿಗೆ ಇಷ್ಟೂ ಗೊತ್ತಿಲ್ಲ. ನಾಳೆಯಿಂದ ಬರಬೇಡ."

ಇಮಾಂಸಾಬಿ ಅಂಕುಶವನ್ನು ನೆಲಕ್ಕಿಟ್ಟು ಕಣ್ಣೊರೆಸಿಕೊಂಡ. ಅದನ್ನು ಕಂಡು ಆಸ್ಥಾನದ ವಿದೂಷಕ ಚೂಡಪ್ಪ ಮುಂದೆ ಬಂದ. ಬೆಳಗ್ಗೆಯಷ್ಟೇ ಈ ಮಾವುತ ಭೀಮನೆಂಬ ಆನೆಯ ಕಾಲಿಗೆ ಎರಡನೆಯ ಸರಪಳಿ ಬಿಗಿದದ್ದನ್ನು ಅವನು ನೋಡಿದ್ದ. ನಗುತ್ತಲೇ ಕೈಮುಗಿದ.

"ಪಂಡಿತರೇ, ಆನೆಗೆ ಮದ ಬರುತ್ತದಲ್ಲ, ಅದಕ್ಕೂ ಪುಸ್ತಕದಲ್ಲಿ ಮಾತಿದೆಯೆ?"

"ಇಲ್ಲದೆ ಏನು! ಮಸ್ತ್. ಗಂಡಾನೆಯ ಕೆನ್ನೆಯಲ್ಲಿ ನೀರು ಒಸರಿ, ಅದು ಕೆರಳುವ ಕಾಲ."

"ಹಾಗಾದರೆ ಇನ್ನು ಆನೆಗಳು ನಿಮ್ಮವೇ. ಚೆನ್ನ, ಭೀಮ ಎರಡನ್ನೂ ನೋಡಿ, ಮದವಿಲ್ಲದ್ದಕ್ಕೆ ಕಬ್ಬು ತಿನ್ನಿಸಿ."

ದೊರೆಯ ಸಮೇತ ಎಲ್ಲರೂ ಆನೆಲಾಯಕ್ಕೆ ಬಂದರು. ಪಂಡಿತರು ದೂರದಿಂದಲೇ ಕನ್ನಡಕ ಸರಿಮಾಡಿಕೊಂಡರು.

"ಎರಡರ ಕೆನ್ನೆಯೂ ಒಣಗಿದೆ. ಯಾವುದಕ್ಕೂ ಮದವಿಲ್ಲ!" ಎಂದು ಕಬ್ಬು ಹಿಡಿದು ಭೀಮನತ್ತಲೇ ಹೊರಟರು.

ಇಮಾಂಸಾಬಿ ಓಡಿಬಂದು ಅವರ ಕೋಟು ಹಿಡಿದೆಳೆದ. "ಬ್ಯಾಡಿ ಸ್ವಾಮಿ! ಎರಡು ದಿನದಿಂದ ಮುದ್ದೆ ಮುಟ್ಟಿಲ್ಲ ಅದು. ನೀರು ನಾಳೆ ಒಸರ್ತದೆ!"

ಮಾತಾಡುತ್ತಲೇ ತನ್ನ ರುಮಾಲು ಬಿಚ್ಚಿ ಭೀಮನ ಮುಂದೆ ಎಸೆದ. ಭೀಮ ಅದನ್ನು ತುಳಿದೂ ತುಳಿದೂ ಚಿಂದಿ ಮಾಡಿತು. ಪಂಡಿತರು ಕಬ್ಬು ಬಿಟ್ಟು ದೊರೆಯ ಬೆನ್ನ ಹಿಂದೆ ಓಡಿದರು.

"ಏನಯ್ಯ ಚೂಡಪ್ಪ, ಪುಸ್ತಕ ಸುಳ್ಳೇ?" ಎಂದರು ದೊರೆ.

"ಸುಳ್ಳಲ್ಲ ಪ್ರಭು. ಮದ ಬಂದಮೇಲಿನ ಅರ್ಥ ಪುಸ್ತಕದಲ್ಲಿದೆ, ಬರುವ ಮುಂಚಿನದು ಇಮಾಂಸಾಬಿಯ ಹತ್ತಿರ ಇದೆ. ಅದಿದ್ದದ್ದಕ್ಕೇ ಪಂಡಿತರು ಇನ್ನೂ ಪುಸ್ತಕ ಓದುವಂತಾಗಿದ್ದಾರೆ."

ದೊರೆ ಹೊಟ್ಟೆ ಹಿಡಿದು ನಕ್ಕರು. ಅಂಕುಶ ತರಿಸಿ ತಾವೇ ಇಮಾಂಸಾಬಿಯ ಕೈಗಿತ್ತು, ತಮ್ಮ ಜರಿ ಶಾಲನ್ನು ಅವನ ಬರಿದಲೆಗೆ ಸುತ್ತಿದರು. ಪರೀಕ್ಷೆ ಅಲ್ಲಿಗೇ ರದ್ದಾಯಿತು.

"ಚೂಡಪ್ಪ, ಈ ಕಬ್ಬನ್ನು ನೀನೇ ಚೆನ್ನನಿಗೆ ತಿನ್ನಿಸು."

ಚೂಡಪ್ಪ ನಾಲ್ಕು ಹೆಜ್ಜೆ ಹಿಂದೆ ಸರಿದ.

"ಮಾವುತನೇ ತಿನ್ನಿಸಲಿ ಪ್ರಭು. ನನಗೂ ಪ್ಯಾಕಿಡರ್ಮಿನ ಅರ್ಥವಷ್ಟೇ ಗೊತ್ತಿರುವುದು!"