ಹೊಡೆದದ್ದು ನಿಜ

ಈ ನಾಡಿನ ಆತ್ಮರಕ್ಷಣೆಯ ಕಾನೂನನ್ನು ಬರೆದುಕೊಟ್ಟವನು ನಾನೇ. ದೊಡ್ಡ ದೊಡ್ಡ ನ್ಯಾಯಮೂರ್ತಿಗಳು ನಮ್ಮ ಮನೆಗೆ ಬಂದು, ಚಾಪೆಯ ಮೇಲೆ ಕೂತು, ನಾನು ಹೇಳಿದ್ದನ್ನು ಬರೆದುಕೊಂಡು ಹೋದರು.

ಸುಳ್ಳು. ನಮ್ಮ ಮನೆಗೆ ಕರೆಂಟ್ ಬಿಲ್ಲಿನವನು ಬಿಟ್ಟರೆ ಯಾರೂ ಬರುವುದಿಲ್ಲ.

ಆದರೆ ಆ ಕಾನೂನನ್ನು ಒಬ್ಬರು ನದಿಯ ಮೆಟ್ಟಿಲ ಮೇಲೆ ಪಾಠ ಮಾಡಿದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಇದು ನಿಜ. ಹೆಚ್ಚುಕಡಿಮೆ ನಿಜ.

ಅವರ ಹೆಸರು ನೀಲಾಂಬಿಕೆ. ಕೊಲೆ, ಹೊಡೆದಾಟದ ಕೇಸುಗಳ ವಕೀಲರು. ಎಪ್ಪತ್ತು ದಾಟಿದ್ದರೂ ಊರಿಗೆಲ್ಲ ನೀಲಕ್ಕ. ನದಿ ದಂಡೆಯಲ್ಲಿ ಮನೆ. ಒಳಗೆ ಒಂದು ಮೇಜು, ಕೂರಲು ಚಾಪೆ, ಗೋಡೆ ತುಂಬ ಪುಸ್ತಕ. ಫ್ಯಾನ್ ಇಲ್ಲ. ಅದಕ್ಕೇ ಕೋರ್ಟಿನವರೆಲ್ಲ ಆ ಮನೆಯನ್ನು ಆಶ್ರಮ ಅನ್ನುತ್ತಿದ್ದರು.

ಆ ಆಶ್ರಮದ ಶಿಷ್ಯ ಗಿರಿಮಲ್ಲ. ಹೊಸ ಕರಿಕೋಟು, ಹೊಸ ಮೀಸೆ. ಎರಡನ್ನೂ ದಿನಾ ಬಾಚುತ್ತಿದ್ದ.

ನೀಲಕ್ಕ ಅವನ ಕೈಗೆ ಜೂಜೆ ಸಿದ್ದಿಯ ಕೇಸು ಕೊಟ್ಟಿದ್ದರು.

ಜೂಜೆ ಯಲ್ಲಾಪುರದ ಕಾಡಿನ ಕಡೆಯವನು. ಅವನ ಹಿರೀಕರನ್ನು ನೂರಾರು ವರ್ಷಗಳ ಹಿಂದೆ ಆಫ್ರಿಕಾದಿಂದ ಹಡಗಿನಲ್ಲಿ ತಂದಿದ್ದರು. ಜೂಜೆ ಮಾತ್ರ ಹುಟ್ಟಿದ್ದೂ ಇಲ್ಲೇ, ಶಾಲೆಯಲ್ಲಿ ಮಾಸ್ತರರ ಕೈಲಿ ಏಟು ತಿಂದದ್ದೂ ಕನ್ನಡ ಪದ್ಯಕ್ಕೇ. ನಮ್ಮೂರ ತರಕಾರಿ ಮಾರ್ಕೆಟ್ಟಿನಲ್ಲಿ ಮೂಟೆ ಹೊರುತ್ತಿದ್ದ. ಮೂಟೆ ಎಳೆಯುವ ಕಬ್ಬಿಣದ ಕೊಕ್ಕೆ ಸದಾ ಸೊಂಟದಲ್ಲಿರುತ್ತಿತ್ತು.

ಒಂದು ಸಂಜೆ ಊರಿನ ಮೊಬೈಲುಗಳಲ್ಲೆಲ್ಲ ಒಂದು ಸುದ್ದಿ ಓಡಾಡಿತು. ಕಪ್ಪು ಪರದೇಶಿಗಳು ಬಂದಿದ್ದಾರೆ, ಮಕ್ಕಳನ್ನು ಎತ್ತಿಕೊಂಡು ಹೋಗುತ್ತಾರೆ ಅಂತ. ಊರಲ್ಲಿ ಒಂದು ಮಗುವೂ ಕಾಣೆಯಾಗಿರಲಿಲ್ಲ. ಆದರೂ ಬಸ್ ಸ್ಟಾಂಡಿನಲ್ಲಿ ಗುಂಪು ಸೇರಿತು.

ಅಲ್ಲಿ ಜೂಜೆ ಬಸ್ಸಿಗೆ ಕಾಯುತ್ತಿದ್ದ.

ಅವನನ್ನು ಕೆಡವಿದರು. ಒಬ್ಬ ಕುತ್ತಿಗೆ ಹಿಸುಕಿದ. ಉಮಾಕಾಂತ ಎಂಬ ಹುಡುಗ ತಲೆಯ ಮೇಲೆ ಹಾಕಲು ಕಲ್ಲು ಎತ್ತಿದ. ಜೂಜೆ ಕೊಕ್ಕೆ ಬೀಸಿದ. ಅದು ಉಮಾಕಾಂತನ ಹೆಗಲು ಸೀಳಿತು. ಗುಂಪು ಓಡಿತು. ಜೂಜೆ ಕೊಕ್ಕೆ ಕೆಳಗಿಟ್ಟು ಅಲ್ಲೇ ಕೂತ.

ಉಮಾಕಾಂತ ಬದುಕಿದ. ಜೂಜೆಯ ಮೇಲೆ ಕೊಲೆ ಯತ್ನದ ಕೇಸು ಬಿತ್ತು. ಅವನನ್ನು ಕೆಡವಿದವರೇ ಸಾಕ್ಷಿಗಳಾದರು. ಕಲ್ಲಿನ ಸುದ್ದಿಯನ್ನು ಯಾರೂ ಎತ್ತಲಿಲ್ಲ. ಆದರೆ ಜೂಜೆಯ ಕುತ್ತಿಗೆಯ ಮೇಲೆ ಬೆರಳ ಗುರುತುಗಳಿದ್ದವು. ಡಾಕ್ಟರು ಅದನ್ನು ಬರೆದಿಟ್ಟಿದ್ದರು.

ಸಾಕ್ಷಿಗಳೆಲ್ಲ ಮುಗಿದ ಮೇಲೆ ಜಡ್ಜ್ ಆರೋಪಿಯನ್ನೇ ನೇರವಾಗಿ ಕೇಳುವ ಒಂದು ದಿನ ಬರುತ್ತದೆ. ಇವರು ಹೀಗೆ ಹೇಳಿದ್ದಾರೆ, ನೀನು ಏನನ್ನುತ್ತೀ? ಆರೋಪಿಗಳು ಸಾಮಾನ್ಯವಾಗಿ ಎಲ್ಲಕ್ಕೂ ಒಂದೇ ಉತ್ತರ ಕೊಡುತ್ತಾರೆ: ಸುಳ್ಳು. ಅವರ ವಕೀಲರು ಹಾಗೆ ಕಲಿಸಿರುತ್ತಾರೆ.

ಜೂಜೆ ಜಾಮೀನಿನ ಮೇಲೆ ಹೊರಗಿದ್ದ. ಮಾರನೇ ದಿನ ಜಡ್ಜ್ ಅವನನ್ನು ಕೇಳುವವರಿದ್ದರು. ಅದರ ಹಿಂದಿನ ಬೆಳಿಗ್ಗೆ ಗಿರಿಮಲ್ಲ ಅವನನ್ನು ನದಿಯ ಮೆಟ್ಟಿಲ ಮೇಲೆ ಕೂರಿಸಿಕೊಂಡು ಕಲಿಸತೊಡಗಿದ.

ನಾನೂ ಪಕ್ಕದಲ್ಲೇ ಇದ್ದೆ. ಸರಿ, ಆಚೆ ದಡದಲ್ಲಿದ್ದೆ. ನೀರಿನ ಮೇಲೆ ಮಾತು ಚೆನ್ನಾಗಿ ಕೇಳಿಸುತ್ತದೆ.

"ಉಮಾಕಾಂತನಿಗೆ ಕೊಕ್ಕೆಯಲ್ಲಿ ಹೊಡೆದೆಯಂತೆ?"

"ಸುಳ್ಳು ಸ್ವಾಮಿ."

"ಆ ಕೊಕ್ಕೆ ನಿನ್ನದಂತೆ?"

"ಸುಳ್ಳು ಸ್ವಾಮಿ."

"ನಿನ್ನ ಹೆಸರು ಜೂಜೆಯಂತೆ?"

"ಸುಳ್ಳು ಸ್ವಾಮಿ."

"ಅದಕ್ಕೆ ಹೌದು ಅನ್ನಬೇಕಯ್ಯಾ!"

"ಎಲ್ಲದಕ್ಕೂ ಅಂದಿದ್ರಲ್ಲ ಸಾರ್."

ಗಿರಿಮಲ್ಲ ಹಣೆ ಒರೆಸಿಕೊಂಡ. "ಹೋಗಲಿ. ಕೊನೆಗೆ ಏನು ಹೇಳ್ತೀಯ?"

ಜೂಜೆ ಎದ್ದು ನೆಟ್ಟಗೆ ನಿಂತ. "ಸ್ವಾಮಿ, ನಾನು ಪರದೇಶಿಯಲ್ಲ. ಈ ಮಣ್ಣಿನ ಮಗ. ನನ್ನನ್ನು ತಪ್ಪು ತಿಳಿದುಕೊಂಡರು."

"ಇನ್ನೂ ಸ್ವಲ್ಪ ಗಂಟಲು ಕಟ್ಟಬೇಕು. ಜಡ್ಜ್ ಕಣ್ಣಲ್ಲಿ ನೀರು ಬರಬೇಕು."

"ನನಗೇ ಬಂತು," ಅಂದಿತು ಮೇಲಿನಿಂದ ಒಂದು ದನಿ.

ನೀಲಕ್ಕ ಮೇಲಿನ ಮೆಟ್ಟಿಲಲ್ಲಿ ನಿಂತಿದ್ದರು.

ಗಿರಿಮಲ್ಲ ಹಿಗ್ಗಿದ. "ಹೇಗಿದೆ ಅಕ್ಕಾ?"

"ಬಹಳ ಬೆವೆತಿದ್ದೀಯ. ಮುಖ ತೊಳ್ಕೋ."

ಗಿರಿಮಲ್ಲ ನೀರಿಗೆ ಬಗ್ಗಿದ. ನೀಲಕ್ಕ ಸರಸರ ಇಳಿದು ಬಂದರು. ಎರಡೂ ಕೈಯಲ್ಲಿ ಅವನ ಕತ್ತಿನ ಹಿಂಬದಿ ಹಿಡಿದು ನೀರೊಳಗೆ ಅದುಮಿದರು.

ಅಷ್ಟು ಬಲ ಆ ಕೈಗಳಿಗೆ ಎಲ್ಲಿಂದ ಬಂತೋ! ಗಿರಿಮಲ್ಲ ಕೈಕಾಲು ಬಡಿದ. ಗುಳುಗುಳು ಅಂದ. ಜೂಜೆ ಓಡಿ ಬಂದ, ಆದರೆ ವಕೀಲರಿಂದ ವಕೀಲರನ್ನು ಹೇಗೆ ಬಿಡಿಸುವುದು ಅಂತ ತಿಳಿಯದೆ ನಿಂತ.

ಗಿರಿಮಲ್ಲನ ಮೊಣಕೈ ಹಿಂದಕ್ಕೆ ಚಿಮ್ಮಿತು. ನೀಲಕ್ಕನ ಬಾಯಿಗೆ ಬಡಿಯಿತು. ಅವರು ಕೈಬಿಟ್ಟರು.

ಅವನು ಕೆಮ್ಮುತ್ತಾ ತಿರುಗಿದ. ಗುರುವಿನ ತುಟಿ ಒಡೆದು ರಕ್ತ ಬರುತ್ತಿತ್ತು.

"ಅಯ್ಯೋ ಅಕ್ಕಾ!"

"ಮುದುಕಿಗೆ ಹೊಡೆದೆ."

"ಅಕ್ಕಾ, ಅದು..."

"ಸುಳ್ಳು ಅನ್ನು. ಇಷ್ಟೊತ್ತು ಕಲಿಸ್ತಿದ್ದೆಯಲ್ಲ, ಅನ್ನು ನೋಡೋಣ."

ಗಿರಿಮಲ್ಲ ಆ ರಕ್ತವನ್ನೇ ನೋಡಿದ.

"ಹೊಡೆದದ್ದು ನಿಜ ಅಕ್ಕಾ. ಉಸಿರು ಕಟ್ಟಿತ್ತು."

"ಹೊಡೆದೆ ಅಂತ ಒಂದು, ಯಾಕೆ ಅಂತ ಒಂದು, ನಿನಗೆ ಎರಡು ಮಾತು. ಅವನಿಗೆ ಒಂದೂ ಇಲ್ಲವಾ? ಹೊಡೆದೇ ಇಲ್ಲ ಅಂದವನು, ಯಾಕೆ ಹೊಡೆದೆ ಅನ್ನೋದನ್ನ ಯಾವ ಬಾಯಲ್ಲಿ ಹೇಳ್ತಾನೆ?"

"ಹೊಡೆದೆ ಅಂತ ಒಪ್ಪಿಕೊಂಡ ಮೇಲೆ ಜಡ್ಜ್ ಕಾರಣ ನಂಬದಿದ್ದರೆ? ಹತ್ತು ವರ್ಷ ಒಳಗಿರ್ತಾನೆ ಅಕ್ಕಾ!"

"ಹೌದು, ಇರ್ತಾನೆ." ನೀಲಕ್ಕ ಜೂಜೆಯ ಕಡೆ ತಿರುಗಿದರು. "ಕೇಳಿಸಿತಾ ಮಗಾ? ಜೈಲಿಗೆ ಹೋಗೋನು ನೀನು. ನಾನೂ ಅಲ್ಲ, ಇವನೂ ಅಲ್ಲ. ನೀನು ಹೇಳು."

ಜೂಜೆ ಕುತ್ತಿಗೆ ಸವರಿಕೊಂಡ.

"ಅಮ್ಮಾ, ಸುಳ್ಳು ಸುಳ್ಳು ಅಂತ ಹೇಳಿ ಹೇಳಿ, ಆ ಕಲ್ಲೂ ಸುಳ್ಳೇನೋ ಅನ್ನಿಸೋಕೆ ಶುರುವಾಗಿದೆ. ಹಾಗಾಗೋದು ಬೇಡ. ಇದ್ದದ್ದೇ ಹೇಳ್ತೀನಿ."

ನೀಲಕ್ಕ ತಲೆಯಾಡಿಸಿದರು. ಮೆಟ್ಟಿಲು ಹತ್ತುತ್ತಾ ನಿಂತು ತಿರುಗಿದರು.

"ಗಿರಿಮಲ್ಲ, ನೀರೊಳಗಿದ್ದಾಗ ನಿನ್ನ ಊರು ಯಾವುದು ಅಂತ ನನಗೆ ಯಾಕೆ ಹೇಳಲಿಲ್ಲ?"

"ಊರಾ? ನೀರೊಳಗಾ?"

"ಹೇಳಿದ್ರೆ ಬಿಡ್ತಿದ್ದೆನೋ ಏನೋ. ನಮ್ಮವನೇ ಅಂತ."

ಗಿರಿಮಲ್ಲನಿಗೆ ಸಿಟ್ಟೇ ಬಂತು. "ಯಾವ ಊರಿನವನಾದ್ರೇನು ಅಕ್ಕಾ, ಉಸಿರು ಬೇಡವಾ?"

ನೀಲಕ್ಕ ಸೆರಗಿನಿಂದ ತುಟಿ ಒರೆಸಿಕೊಂಡು ಒಳಗೆ ಹೋದರು.

ಮಾರನೇ ದಿನ ಕೋರ್ಟು ತುಂಬಿತ್ತು. ನಾನು ಮುಂದಿನ ಸಾಲಿನಲ್ಲಿದ್ದೆ. ಅಂದರೆ, ಬಾಗಿಲ ಹೊರಗೆ ನಿಂತವರಲ್ಲಿ ಮುಂದಿನ ಸಾಲು.

"ಕೊಕ್ಕೆಯಿಂದ ಹೊಡೆದೆ ಎಂದು ಸಾಕ್ಷಿಗಳು ಹೇಳಿದ್ದಾರೆ," ಅಂದರು ಜಡ್ಜ್. "ಏನನ್ನುತ್ತೀ?"

"ಹೊಡೆದದ್ದು ನಿಜ ಸ್ವಾಮಿ."

ಟೈಪಿಸ್ಟ್ ಹೆಣ್ಣುಮಗಳು ತಲೆ ಎತ್ತಿದಳು. ಅಭ್ಯಾಸದ ಮೇಲೆ ಅವಳು ಆಗಲೇ 'ಸುಳ್ಳು' ಅಂತ ಟೈಪ್ ಮಾಡಿಬಿಟ್ಟಿದ್ದಳು.

ಸರ್ಕಾರಿ ವಕೀಲರು ಕುರ್ಚಿಗೆ ಒರಗಿ ನಕ್ಕರು. ಗಿರಿಮಲ್ಲನ ಮೀಸೆ ನಡುಗುತ್ತಿತ್ತು.

ಜಡ್ಜ್ ಕನ್ನಡಕ ತೆಗೆದರು. "ಯಾಕೆ ಹೊಡೆದೆ?"

"ಕುತ್ತಿಗೆ ಹಿಸುಕ್ತಿದ್ರು. ಕಲ್ಲು ತಲೆ ಮೇಲಿತ್ತು. ಸತ್ತೆ ಅನ್ನಿಸ್ತು. ಕೈಗೆ ಕೊಕ್ಕೆ ಸಿಕ್ತು."

"ಒಮ್ಮೆ ಹೊಡೆದವನು ಮತ್ತೆ ಯಾಕೆ ಹೊಡೆಯಲಿಲ್ಲ?"

"ಅವರು ಓಡಿದ್ರು ಸ್ವಾಮಿ. ನನಗೆ ಉಸಿರು ಬಂತು. ಬೇಕಾಗಿದ್ದೂ ಅದೇ."

ವಾದದ ದಿನ ಸರ್ಕಾರಿ ವಕೀಲರು ಎದ್ದರು. ಚೆನ್ನಾಗಿಯೇ ಮಾತಾಡಿದರು, ಅನ್ಯಾಯ ಹೇಳಬಾರದು.

"ಸ್ವಾಮಿ, ನಡೆದದ್ದು ಒಂದು ತಪ್ಪು ತಿಳುವಳಿಕೆ. ಜನ ಹೆದರಿದ್ದರು. ನಾನು ಇಲ್ಲಿಯವನೇ ಅಂತ ಆರೋಪಿ ಕನ್ನಡದಲ್ಲಿ ಒಂದು ಮಾತು ಹೇಳಿದ್ದರೆ ಬಿಟ್ಟುಬಿಡುತ್ತಿದ್ದರು. ಅದು ಬಿಟ್ಟು ಕೊಕ್ಕೆ ಎತ್ತಿದ."

ಗಿರಿಮಲ್ಲ ಎದ್ದ. ಕೈಯಲ್ಲಿ ಬರೆದು ತಂದ ವಾದದ ದೊಡ್ಡ ಕಟ್ಟಿತ್ತು. ಅದನ್ನು ಮೇಜಿನ ಮೇಲಿಟ್ಟ.

"ಸ್ವಾಮಿ, ಕನ್ನಡ ಬಾರದವನಾಗಿದ್ದರೆ ಆ ಕಲ್ಲು ಸರಿಯಿತ್ತೇ?"

ಡಾಕ್ಟರು ಬರೆದಿಟ್ಟಿದ್ದ ಹಾಳೆಯನ್ನು ಎತ್ತಿ ತೋರಿಸಿದ.

"ಈ ಬೆರಳ ಗುರುತು ಯಾವ ದೇಶದವನ ಕುತ್ತಿಗೆಯ ಮೇಲಿದ್ದರೂ ಕುತ್ತಿಗೆ ಹಿಸುಕಿದ ಗುರುತೇ ಸ್ವಾಮಿ. ನನ್ನ ಕಕ್ಷಿಗಾರ ಎಲ್ಲಿಯವನು ಅಂತ ನಾನು ಹೇಳುವುದಿಲ್ಲ. ಅವನಿಗೆ ಉಸಿರು ಕಟ್ಟಿತ್ತು ಅಂತ ಹೇಳುತ್ತೇನೆ."

ಅಷ್ಟು ಹೇಳಿ ಕೂತ. ಆ ಮೀಸೆಗೆ ಆ ದಿನ ಮೊದಲ ಸಲ ಒಂದು ಅರ್ಥ ಬಂತು ಅಂತ ನನಗನ್ನಿಸಿತು.

ಹಿಂದಿನ ಬೆಂಚಿನಲ್ಲಿ ನೀಲಕ್ಕ ಕೂತಿದ್ದರು. ತುಟಿಯ ಗಾಯ ಇನ್ನೂ ಮಾಸಿರಲಿಲ್ಲ. ಪಕ್ಕದ ವಕೀಲರು ಬಗ್ಗಿ ಕೇಳಿದರು.

"ಏನಾಯ್ತು ಅಕ್ಕಾವ್ರೇ, ಬಿದ್ರಾ?"

"ಇಲ್ಲಪ್ಪ. ಆ ಹುಡುಗ ಹೊಡೆದ," ಅಂದರು ನೀಲಕ್ಕ, ಹೆಮ್ಮೆಯಿಂದ.

ತೀರ್ಪು ಬಂತು. ಜೀವ ಉಳಿಸಿಕೊಳ್ಳಲು ಹೊಡೆದ, ಜೀವ ಉಳಿದ ಕೂಡಲೇ ನಿಲ್ಲಿಸಿದ ಎಂದು ಜಡ್ಜ್ ಬರೆದಿದ್ದರು. ಜೂಜೆ ಸಿದ್ದಿಗೆ ಬಿಡುಗಡೆಯಾಯಿತು.

ಇನ್ನು ಸ್ವಲ್ಪವೇ ಉಳಿದಿದೆ. ಅದನ್ನು ಹೇಳುವ ಮುಂಚೆ ಒಂದು ಮಾತು: ಕಥೆ ಹೇಳುತ್ತಾ ನಾನು ಕುಡಿದ ಈ ಟೀ ನಿಮ್ಮ ಲೆಕ್ಕಕ್ಕೆ. ತಲೆಯಾಡಿಸಿದಿರಲ್ಲ? ಸರಿ, ಕೇಳಿ.

ಗಿರಿಮಲ್ಲ ಪೇಡೆಯ ಡಬ್ಬಿ ಹಿಡಿದುಕೊಂಡು ಆಶ್ರಮಕ್ಕೆ ಓಡಿ ಬಂದ.

"ಗೆದ್ವಿ ಅಕ್ಕಾ! ಕೇಸು ಮುಗೀತು!"

ನೀಲಕ್ಕ ಒಂದು ಪೇಡೆ ಬಾಯಿಗೆ ಹಾಕಿಕೊಂಡರು. ನಿಧಾನವಾಗಿ ತಿಂದರು.

"ಜೂಜೆ ಎಲ್ಲಿ?"

"ಊರಿಗೆ ಹೊರಟ. ಬಸ್ ಸ್ಟಾಂಡಿನಲ್ಲಿದ್ದಾನೆ."

"ಜೊತೆಗೆ ಯಾರಿದ್ದಾರೆ?"

"ಯಾರೂ ಇಲ್ಲ. ಇನ್ನೇನು ಭಯ ಅಕ್ಕಾ? ತೀರ್ಪಿನ ಕಾಪಿ ಅವನ ಜೇಬಲ್ಲೇ ಇದೆ."

ನೀಲಕ್ಕ ಎದ್ದು ಗೋಡೆಯ ಮೊಳೆಯಿಂದ ಕೊಡೆ ತೆಗೆದುಕೊಂಡರು.

"ಅದನ್ನ ಅಲ್ಲಿ ಯಾರು ಓದ್ತಾರೋ? ಚಪ್ಪಲಿ ಹಾಕ್ಕೋ."