ಕಾಡಿನ ಪಾಲಿನ ನೀರು ಕುಡಿದ ರಾಯಭಾರಿ

ಒಂದು ಕಾಡಿನಲ್ಲಿ ಎಲ್ಲವೂ ಇತ್ತು, ನೀರೊಂದು ಬಿಟ್ಟು. ಬೇಸಿಗೆ ಬಂತೆಂದರೆ ಹಳ್ಳ ಬತ್ತಿಹೋಗುತ್ತಿತ್ತು. ಕಾಡಿನ ಅಂಚಿಗೇ ಒಂದು ದೊಡ್ಡ ಕೆರೆಯಿತ್ತು. ಆದರೆ ಅದು ಬೇರೆ ದೇಶ. ಅಲ್ಲಿ ಆಳುತ್ತಿದ್ದವನು ಹೆಜ್ಜಾರ್ಲೆ ದೊರೆ, ಕೊಕ್ಕಿನ ಕೆಳಗೆ ಜೋಳಿಗೆಯಂಥ ಚೀಲ ತೂಗಾಡಿಸಿಕೊಂಡಿದ್ದ ಮುದಿ ಹಕ್ಕಿ. ದಡದುದ್ದಕ್ಕೂ ಅವನ ಮೊಸಳೆಗಳ ಕಾವಲು. ಅಪ್ಪಣೆಯಿಲ್ಲದೆ ನೀರಿಗೆ ಬಾಯಿ ಹಾಕಿದವರಿಗೆ ಆಮೇಲೆ ಬಾಯಿಯೇ ಉಳಿಯುತ್ತಿರಲಿಲ್ಲ.

ಅದಕ್ಕೇ ಕಾಡಿನವರು ಹಿಂದಿನಿಂದಲೂ ಕೆರೆಗೆ ಒಬ್ಬ ರಾಯಭಾರಿಯನ್ನು ಕಳಿಸುತ್ತಿದ್ದರು. ಮೊಟ್ಟಮೊದಲು ಹೋದದ್ದು ಒಂದು ಉಡ. ಅದು ಬೆಳಿಗ್ಗೆ ತೆವಳಿಕೊಂಡು ಹೋಗಿ, "ದೊರೆಗಳೇ, ನಮ್ಮವರಿಗೆ ಬಾಯಾರಿದೆ, ದಡ ಬಿಡಿ" ಎಂದು ಕೇಳಿ, ಸಂಜೆಗೆ ಉತ್ತರ ತರುತ್ತಿತ್ತು. ಇಲ್ಲಿನ ಮಾತು ಅಲ್ಲಿಗೆ, ಅಲ್ಲಿನ ಮಾತು ಇಲ್ಲಿಗೆ. ಅಷ್ಟೇ ಕೆಲಸ. ಆಮೇಲೆ ಹೋದ ಕಡವೆ ಕಾಲು ನೋವೆಂದು ಎರಡು ದಿನ ಅಲ್ಲೇ ಉಳಿಯಿತು. ಅದರ ನಂತರ ಹೋದ ನವಿಲು ಇರಲು ಮನೆ ಕೇಳಿತು. ಮನೆ ಸಿಕ್ಕ ಮೇಲೆ ನೆರಳು ಹಿಡಿಯಲು ಒಬ್ಬರು, ಬಾಲ ಎತ್ತಿಕೊಂಡು ನಡೆಯಲು ಇನ್ನಿಬ್ಬರು ಬೇಕಾದರು. ಹೀಗೆ ರಾಯಭಾರ ದೊಡ್ಡದಾಗುತ್ತಾ ಹೋಯಿತು. ನೀರಿನ ಮಾತು ಸಣ್ಣದಾಗುತ್ತಾ ಬಂತು.

ಒಂದು ಬೇಸಿಗೆಯಲ್ಲಿ ಹುಲಿರಾಯ ರಾಯಭಾರಕ್ಕೆ ಪುನುಗು ಬೆಕ್ಕನ್ನು ಆರಿಸಿದ. ಅವನ ಹೆಸರು ಪುನುಗಪ್ಪ.

"ಅವನೇ ಯಾಕೆ?" ಎಂದು ಕಾಡುಹಂದಿ ಕೆಂಚವ್ವ ಕೇಳಿದಳು. ಅವಳ ಮರಿಗಳ ನಾಲಿಗೆ ಆಗಲೇ ಒಣಗಿ ಅಂಗುಳಕ್ಕೆ ಅಂಟಿಕೊಂಡಿತ್ತು.

"ಅವನ ಮೈ ಘಮಘಮ ಅನ್ನುತ್ತೆ ಕಣಮ್ಮಾ. ಬೇರೆ ದೇಶಕ್ಕೆ ನಾರಿಕೊಂಡು ಹೋಗೋಕಾಗುತ್ತಾ?" ಎಂದ ಹುಲಿರಾಯ. ಅವನ ಗವಿಯೊಳಗೇ ಒಂದು ಚಿಲುಮೆಯಿತ್ತು. ಬಾಯಾರಿಕೆ ಎಂದರೇನೆಂದು ಅವನಿಗೆ ಗೊತ್ತಿರಲಿಲ್ಲ.

ಪುನುಗಪ್ಪ ಮೀಸೆ ತೀಡಿಕೊಂಡು ಹೊರಟ. ದಾರಿಯುದ್ದಕ್ಕೂ "ದಡ ಬಿಡಿ, ದಡ ಬಿಡಿ" ಎಂದು ಬಾಯಿಪಾಠ ಮಾಡಿಕೊಂಡ. ಆ ಹೊತ್ತಿಗೆ ಅವನ ಮನಸ್ಸಿನಲ್ಲಿ ಕಪಟವೇನೂ ಇರಲಿಲ್ಲ. ಕಪಟಕ್ಕೆ ಮೊದಲು ಒಂದು ಒಳ್ಳೆಯ ಜಾಗ ಸಿಗಬೇಕಲ್ಲ.

ಕೆರೆಯ ದೇಶದಲ್ಲಿ ಒಂದು ವಿಚಿತ್ರ ಸಂಪ್ರದಾಯವಿತ್ತು. ರಾಯಭಾರಿ ಎಂದರೆ ಅವನ ಇಡೀ ದೇಶ. ಅವನ ಬೆನ್ನು ತುರಿಸಿದರೆ ಆ ದೇಶದ ಬೆನ್ನೆಲ್ಲ ತುರಿಸಿದಂತೆ. ಅವನು ಸೀನಿದರೆ ಇಡೀ ದೇಶಕ್ಕೆ ನೆಗಡಿಯಾಯಿತೆಂದು ಕೊಕ್ಕರೆಗಳು ಔಷಧಿ ಹುಡುಕಿಕೊಂಡು ಹಾರುತ್ತಿದ್ದವು. ಈ ಸಂಪ್ರದಾಯ ಎಲ್ಲಿಂದ ಬಂತೆಂದು ಯಾರಿಗೂ ನೆನಪಿರಲಿಲ್ಲ. ನೆನಪಿಲ್ಲದ್ದರಿಂದಲೇ ಅದನ್ನು ಯಾರೂ ಮುಟ್ಟುತ್ತಿರಲಿಲ್ಲ.

ಪುನುಗಪ್ಪ ಆಸ್ಥಾನಕ್ಕೆ ಬಂದ. ಹೆಜ್ಜಾರ್ಲೆ ದೊರೆ ಚೀಲದ ತುಂಬ ತಣ್ಣನೆಯ ನೀರು ತಂದು ಅವನ ಬಾಯಿಗೆ ಬಗ್ಗಿಸಿದ. ಕೊಕ್ಕರೆಗಳೆಲ್ಲ ಒಂಟಿಕಾಲಿನಲ್ಲಿ ನಿಂತು, "ಕಾಡು ಕುಡಿಯಿತು!" ಎಂದು ಕೂಗಿದವು.

"ರಾಯಭಾರಿಗಳೇ, ಕಾಡಿನ ಬಾಯಾರಿಕೆ ತೀರಿತೇ?" ಎಂದು ದೊರೆ ಕೇಳಿದ.

'ದಡ ಬಿಡಿ' ಎಂಬ ಮಾತು ಪುನುಗಪ್ಪನ ನಾಲಿಗೆಯ ತುದಿಗೆ ಬಂದಿತ್ತು. ಆದರೆ ನಾಲಿಗೆ ಇನ್ನೂ ತಂಪಾಗಿತ್ತು. ಅವನು ಯೋಚಿಸಿದ. ದಡ ಬಿಟ್ಟರೆ ನನ್ನ ಕೆಲಸ ಮುಗಿಯಿತು. ನಾಳೆ ನಾನೂ ಕಾಟಿಗಳ ಹಿಂದೆ ನಿಂತು, ಅವು ತುಳಿದ ನೀರು ಕುಡಿಯಬೇಕು. ಈ ಚೀಲವೂ ಇಲ್ಲ, ಈ ಕೂಗೂ ಇಲ್ಲ.

"ತೀರಿತು ದೊರೆಗಳೇ. ಆದರೆ ನಾಳೆ ಮತ್ತೆ ಆಗಬಹುದು" ಎಂದ ಪುನುಗಪ್ಪ.

ಮರುದಿನವೂ ಆಯಿತು. ಅದರ ಮರುದಿನವೂ ಆಯಿತು. ದಿನಾ ಚೀಲದ ನೀರು, ದಿನಾ ಒಂಟಿಕಾಲಿನ ಕೂಗು. ಪುನುಗಪ್ಪನ ಹೊಟ್ಟೆ ಮುಂದೆ ಬಂತು. ತಾವರೆ ಎಲೆಯ ಹಾಸಿಗೆಯ ಮೇಲೆ ಮಲಗಿ ಆಕಳಿಸುತ್ತಾ, ಪಾಪ, ಕಾಡಿಗೆ ಎಷ್ಟು ಸುಖವಾಗಿದೆ ಎಂದು ಅವನು ಮನಸಾರೆ ನಂಬತೊಡಗಿದ.

ಕಾಡಿನಲ್ಲಿ ಮಾತ್ರ ಒಂದು ಜಿಂಕೆ ತಡೆಯಲಾರದೆ ಕೆರೆಯ ಹತ್ತಿರ ಹೋಯಿತು. ಮೊಸಳೆ ಅದನ್ನು ಗದರಿಸಿತು. "ಏನಮ್ಮಾ, ಈಗಷ್ಟೇ ಕುಡಿದಿದ್ದೀಯ, ಮತ್ತೆ ಬಂದೆಯಾ? ಹೊಟ್ಟೆ ಒಡೆದು ಸಾಯ್ತೀಯ, ಹೋಗು!"

ವರದಿ ಒಪ್ಪಿಸಲು ಪುನುಗಪ್ಪ ಕಾಡಿಗೆ ಬಂದಾಗ ಪ್ರಾಣಿಗಳೆಲ್ಲ ಗವಿಯ ಮುಂದೆ ಸೇರಿದ್ದವು.

"ಮಹಾಪ್ರಭು, ಕಾಡು ದಿನಾ ಹೊಟ್ಟೆ ತುಂಬ ಕುಡಿಯುತ್ತಿದೆ" ಎಂದು ಅವನು ತಲೆಬಾಗಿದ.

"ನನಗೂ ಹಾಗೇ ಅನ್ನಿಸಿತ್ತು. ನೋಡು, ನನಗೆ ಬಾಯಾರಿಕೆಯೇ ಇಲ್ಲ" ಎಂದ ಹುಲಿರಾಯ, ಒದ್ದೆ ಮೀಸೆ ಒರೆಸಿಕೊಳ್ಳುತ್ತಾ.

ಕೆಂಚವ್ವ ಮುಂದೆ ಬಂದಳು. "ಪುನುಗಪ್ಪಣ್ಣಾ, ನನ್ನ ಸಣ್ಣ ಮರಿ ನಿನ್ನೆಯಿಂದ ಕಣ್ಣು ಬಿಟ್ಟಿಲ್ಲ. ನಾವು ಯಾವಾಗಪ್ಪಾ ಕುಡಿದದ್ದು?"

"ಈವತ್ತು ಬೆಳಿಗ್ಗೆ. ಬಹಳ ತಣ್ಣಗಿತ್ತು."

"ನನ್ನ ನಾಲಿಗೆ ಒಣಗಿದೆಯಲ್ಲ?"

"ಅದು ನಿನ್ನ ನಾಲಿಗೆಯ ತಪ್ಪು ತಿಳಿವಳಿಕೆ. ಎರಡು ದೇಶಗಳ ನಡುವಿನ ವಿಷಯ ನಾಲಿಗೆಗೆಲ್ಲಿ ಅರ್ಥವಾಗುತ್ತೆ? ನಾನು ಕುಡಿದರೆ ಕಾಡು ಕುಡಿದಂತೆ. ನಾನು ಒಬ್ಬನಲ್ಲ ಕೆಂಚವ್ವಾ, ನಾನೇ ನೀವೆಲ್ಲ."

ಕೆಂಚವ್ವ ಅವನ ಹೊಟ್ಟೆಯನ್ನು ನೋಡಿದಳು. ತನ್ನ ಮರಿಯ ಹೊಟ್ಟೆಯನ್ನು ನೋಡಿದಳು. ಕೋಪದಿಂದ ಅವಳ ಬೆನ್ನಿನ ಕೂದಲು ನೆಟ್ಟಗೆ ನಿಂತಿತು. ಆದರೆ ಅವಳು ಜಗಳವಾಡಲಿಲ್ಲ. "ಸರಿ ಅಣ್ಣಾ. ನೀನೇ ನಾವೆಲ್ಲ. ಈ ಮಾತು ಎಲ್ಲರೂ ಕೇಳಿಸಿಕೊಂಡಿರಲ್ಲ?" ಎಂದಷ್ಟೇ ಹೇಳಿದಳು.

ಪುನುಗಪ್ಪ ಕೆರೆಗೆ ಮರಳಿದ. ಮರುದಿನ ನಡುಮಧ್ಯಾಹ್ನ ಕಾಡಿನ ಹಂದಿಗಳೆಲ್ಲ ಒಟ್ಟಾಗಿ ಕೆರೆಗೆ ನುಗ್ಗಿದವು. ದಡದ ಮಣ್ಣಿಗೆ ಮೂತಿ ಹಾಕಿ ಕೆದಕಿ ಬಗೆದು ಅದನ್ನೆಲ್ಲ ನೀರಿಗೆ ತಳ್ಳಿದವು. ಒಂದು ಗಳಿಗೆಯಲ್ಲಿ ಕೆರೆಯ ಆ ಬದಿ ಗಂಜಿಯಂತಾಯಿತು. ಮೀನಿಗೆಂದು ಕೊಕ್ಕು ಹಾಕಿದ ಹೆಜ್ಜಾರ್ಲೆ ದೊರೆಯ ಚೀಲದ ತುಂಬ ಕೆಸರು! ಮೊಸಳೆಗಳು ಬಾಯಿ ತೆರೆದುಕೊಂಡು ಹಂದಿಗಳನ್ನು ಸುತ್ತುವರಿದವು.

"ಬಾಯಿ ಮುಚ್ಚಿ ಮೊಸಳೆಯಪ್ಪಾ! ನಾವು ಇಲ್ಲಿ ಇಲ್ಲವೇ ಇಲ್ಲ" ಎಂದಳು ಕೆಂಚವ್ವ.

ಮೊಸಳೆ ಕಣ್ಣು ಮಿಟುಕಿಸಿತು. "ಎದುರಿಗೇ ಇದ್ದೀಯಲ್ಲ?"

"ನಾನು ಯಾರು? ಕಾಡಿನವಳು. ಕಾಡು ಯಾರು? ರಾಯಭಾರಿಗಳು. ಅವರು ತಾವರೆ ಎಲೆಯ ಮೇಲೆ ಮಲಗಿದ್ದಾರೆ. ಅವರು ಕುಡಿದರೆ ನಾವು ಕುಡಿದಂತಾದರೆ, ನಾವು ಕೆದಕಿದರೆ ಅವರು ಕೆದಕಿದಂತೆ. ತಪ್ಪಿದ್ದರೆ ಹೇಳಿ."

ಮೊಸಳೆ ಸಂಪ್ರದಾಯ ಹೇಳುವ ಮುದಿ ಕೊಕ್ಕರೆಯ ಮುಖ ನೋಡಿತು. ಕೊಕ್ಕರೆ ಬಹಳ ಹೊತ್ತು ಒಂಟಿಕಾಲಿನಲ್ಲಿ ಯೋಚಿಸಿತು. "ಸಂಪ್ರದಾಯ ಸರಿಯಾಗಿಯೇ ಇದೆ" ಎಂದಿತು.

ಪುನುಗಪ್ಪನನ್ನು ಹಾಸಿಗೆಯ ಸಮೇತ ಎಳೆದು ತಂದರು.

"ರಾಯಭಾರಿಗಳೇ, ಕೆರೆ ಕೆಡಿಸಿದ್ದೀರಿ. ಕೆಡಿಸಿದವರು ಕೆಸರನ್ನು ಕುಡಿದು ಮುಗಿಸಬೇಕು. ಅದು ನಮ್ಮ ಕಾನೂನು. ಕಾಡಿನ ಒಂದೊಂದು ಪ್ರಾಣಿಗೂ ಒಂದೊಂದು ಚೀಲ" ಎಂದ ದೊರೆ.

"ನಾನು ಮಲಗಿದ್ದೆ ದೊರೆಗಳೇ!"

"ನೀವು ಕೆದಕುತ್ತಲೂ ಇದ್ದಿರಿ. ಬಾಯಿ ತೆಗೆಯಿರಿ. ಮೊದಲನೆಯದು ಆನೆಯ ಪಾಲು."

ಆನೆಯ ಪಾಲಿನ ಚೀಲ ಬಂತು. ಕಪ್ಪೆ ಮೊಟ್ಟೆ, ಪಾಚಿ, ಕೊಳೆತ ಎಲೆ ಎಲ್ಲ ಸೇರಿದ ಕೆಸರು ಪುನುಗಪ್ಪನ ಗಂಟಲಿಗೆ ಇಳಿಯಿತು. ಕೊಕ್ಕರೆಗಳು ಗಂಭೀರವಾಗಿ, "ಕಾಡು ಕುಡಿಯಿತು!" ಎಂದು ಕೂಗಿದವು. ಕಾಟಿಯ ಪಾಲು ಬಂತು. ಕಡವೆಯ ಪಾಲು ಬಂತು. ಅವನ ಮೂಗಿನಿಂದಲೂ ಕೆಸರು ಬರತೊಡಗಿತು. ಮೈಯ ಘಮಲು ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ.

"ನಿಲ್ಲಿಸಿ! ನಾನು ಒಬ್ಬನೇ! ನನಗಿರೋದು ಒಂದೇ ಹೊಟ್ಟೆ!" ಎಂದು ಅವನು ಕಿರುಚಿದ.

ಎತ್ತಿದ್ದ ಚೀಲವನ್ನು ದೊರೆ ಇಳಿಸಿದ. ಕೆಂಚವ್ವ ಹತ್ತಿರ ಬಂದಳು. "ಒಬ್ಬನೇ ಅಂದೆಯಾ ಅಣ್ಣಾ? ಹಾಗಾದರೆ ಇಷ್ಟು ದಿನ ಸಿಹಿನೀರು ಕುಡಿದದ್ದೂ ಒಬ್ಬನೇನಾ?"

ಪುನುಗಪ್ಪ ಆ ಕಡೆ ನೋಡಿದ, ಈ ಕಡೆ ನೋಡಿದ. ಕೆಸರಿನಲ್ಲೂ ಅವನ ತಲೆ ಓಡಿತು. "ಹಾಗಲ್ಲ... ಸಿಹಿನೀರಿಗೆ ನಾನು ಕಾಡು. ಕೆಸರಿಗೆ ನಾನು ಒಬ್ಬ."

"ಅಂಥ ಸಂಪ್ರದಾಯ ಇದೆಯೇ?" ಎಂದು ದೊರೆ ಕೊಕ್ಕರೆಯನ್ನು ಕೇಳಿದ.

"ನಾನು ಕೇಳಿಲ್ಲ" ಎಂದಿತು ಕೊಕ್ಕರೆ. "ಮುಂದಿನದು ಕರಡಿಯ ಪಾಲು."

ಕೆಸರಿನ ಚೀಲ ಮತ್ತೆ ಮೇಲೇರಿತು. ಅದು ಮೂತಿಗೆ ತಾಗುವಷ್ಟರಲ್ಲಿ ಪುನುಗಪ್ಪನ ಬಾಯಿಂದ ಸತ್ಯ ತಾನಾಗಿ ಹೊರಬಂತು. "ನಾನೇ ಕುಡಿದೆ! ನಾನೊಬ್ಬನೇ ಕುಡಿದೆ! ಕಾಡಿನಲ್ಲಿ ಯಾರೂ ಒಂದು ಹನಿ ಕುಡಿದಿಲ್ಲ! ದಡ ಬಿಡಿ ಅಂತ ಕೇಳೋಕೆ ಬಂದಿದ್ದೆ, ಕೇಳಲೇ ಇಲ್ಲ!"

ಹೆಜ್ಜಾರ್ಲೆ ದೊರೆ ಪೆಚ್ಚಾದ. ಬಾಯಾರಿದ ನೆರೆಹೊರೆಯವರ ಮುಂದೆ ಇಷ್ಟು ದಿನ ಒಂದು ಬೆಕ್ಕಿಗೆ ನೀರೆರೆದು, ದೇಶಕ್ಕೆ ನೀರು ಕೊಟ್ಟೆ ಎಂದು ಬೀಗಿದ್ದನಲ್ಲ!

"ನೀನಾದರೂ ಬಂದು ಹೇಳಬಾರದಿತ್ತೇನಮ್ಮಾ?" ಎಂದು ಕೆಂಚವ್ವನ ಮೇಲೆ ರೇಗಿದ.

"ಹೇಳೋಕೆ ಬಂದವರಿಗೆಲ್ಲ ನಿಮ್ಮ ಮೊಸಳೆ ಹಲ್ಲು ತೋರಿಸಿತಲ್ಲ ದೊರೆಗಳೇ. ನಿಮಗೆ ಕೇಳಿಸುತ್ತಿದ್ದದ್ದು ಇವನ ಮಾತು ಮಾತ್ರ."

ದೊರೆ ಮೊಸಳೆಗಳನ್ನು ಹಿಂದಕ್ಕೆ ಕರೆಸಿಕೊಂಡ. ಆ ಸಂಜೆ ಕಾಡೆಲ್ಲ ಕೆರೆಯ ತಿಳಿನೀರಿನ ಬದಿಗೆ ಇಳಿಯಿತು. ಕೆಂಚವ್ವ ಬಾಯಲ್ಲಿ ನೀರು ತುಂಬಿಕೊಂಡು ಹೋಗಿ ಸಣ್ಣ ಮರಿಯ ತುಟಿಗೆ ಬಿಟ್ಟಳು. ಅದು ಕಣ್ಣು ಬಿಟ್ಟಿತು, ಕೂಡಲೇ ಇನ್ನಷ್ಟು ಬೇಕೆಂದು ಚೀರಿತು.

ಮರುದಿನ ಹುಲಿರಾಯ ಸಭೆ ಕರೆದ. "ಪುನುಗಪ್ಪನನ್ನು ತೆಗೆದುಹಾಕಿದ್ದೇನೆ. ಈಗ ನಾರುತ್ತಾನೆ. ಮುಂದಿನ ರಾಯಭಾರಿ ಯಾರಾಗುತ್ತೀರಿ?"

ಹೇಳಿ ಮುಗಿಸುವುದರೊಳಗೆ ಮುಂಗಾಲುಗಳು ಮೇಲೆದ್ದವು. ನರಿ ಎತ್ತಿತು, ಮುಸುವ ಎರಡೂ ಕೈ ಎತ್ತಿತು. ಎಲ್ಲರಿಗಿಂತ ಮೊದಲು ಎತ್ತಿದ್ದು ಹುಲಿರಾಯನ ಸೋದರಳಿಯ.

"ಎತ್ತಿ, ಎತ್ತಿ" ಎಂದಳು ಕೆಂಚವ್ವ. "ಒಂದೇ ಒಂದು ಮಾತು. ಈ ಸಲ ರಾಯಭಾರಿಯಾದವರು ಕಾಡಿನ ಕಟ್ಟಕಡೆಯ ಇರುವೆ ಕುಡಿದ ಮೇಲೆ ಕುಡಿಯಬೇಕು."

ಮುಸುವನಿಗೆ ಇದ್ದಕ್ಕಿದ್ದಂತೆ ಬೆನ್ನು ತುರಿಸಿತು. ನರಿ ತನ್ನ ಕಾಲನ್ನು, ಇದು ಯಾಕೆ ಮೇಲೆ ಹೋಯಿತೋ ಎಂಬಂತೆ ನೋಡಿ ಇಳಿಸಿಕೊಂಡಿತು. ಸೋದರಳಿಯ ಅಷ್ಟರಲ್ಲಿ ಗವಿಯೊಳಕ್ಕೆ ಹೋಗಿಯಾಗಿತ್ತು.

ಆ ಬೇಸಿಗೆಯಲ್ಲಿ ಕಾಡಿನಿಂದ ಮತ್ತೆ ಯಾವ ರಾಯಭಾರಿಯೂ ಹೋಗಲಿಲ್ಲ. ಎಲ್ಲರೂ ನೀರಿಗೆ ಹೋದರು.

ನೀತಿ: ನಿಮ್ಮ ಹೆಸರಿನಲ್ಲಿ ಇನ್ನೊಬ್ಬ ಕುಡಿದರೆ ನಿಮ್ಮ ಬಾಯಾರಿಕೆ ತೀರುವುದಿಲ್ಲ. ಸುಖ ಸಿಕ್ಕಾಗ 'ನಾನೇ ನೀವೆಲ್ಲ' ಎಂದು, ಕಷ್ಟ ಬಂದಾಗ 'ನಾನೊಬ್ಬನೇ' ಎನ್ನುವವನನ್ನು ನಂಬಿ ಕೂರಬೇಡಿ. ಎದ್ದು ಹೋಗಿ ನಿಮ್ಮ ಮಾತನ್ನು ನೀವೇ ಆಡಿ.